ಎರಡು ಪಟ್ಟಿಯ ಕೋಟು

ಕೋಟು ಯಾರದು ಎಂದು ಕೇಳಬಾರದು ಎನ್ನುವುದನ್ನು ಥೆಕ್ಲಾ ಕೆಲಸಕ್ಕೆ ಸೇರಿದ ದಿನವೇ ಕಲಿತಿದ್ದಳು. ಜರ್ಮನಿಯ ಸಾಲೆ ನದಿಯ ದಡದ ಆ ಊರಿನಲ್ಲಿ, ಯುದ್ಧಕ್ಕೆ ಮುಂಚೆ ಮದುವೆಗಳಿಗೆ ಜನ ಕುಣಿಯುತ್ತಿದ್ದ ಹೋಟೆಲಿನ ಹಜಾರದಲ್ಲಿ ಈಗ ಇಪ್ಪತ್ತಾರು ಹೊಲಿಗೆ ಯಂತ್ರಗಳಿದ್ದವು. ರಷ್ಯಾದ ಕಡೆಯಿಂದ ಗೂಡ್ಸ್ ರೈಲಿನಲ್ಲಿ ಸೈನಿಕರ ಬೂದು ಕೋಟುಗಳು ಮೂಟೆಮೂಟೆಯಾಗಿ ಬರುತ್ತಿದ್ದವು. ಹೇನು ಸಾಯಲಿ ಎಂದು ಅವನ್ನು ಬಿಸಿ ಕೋಣೆಯಲ್ಲಿ ತೂಗುಹಾಕುತ್ತಿದ್ದರು. ಆಮೇಲೆ ಹಿತ್ತಲಿನಲ್ಲಿ ಉಕ್ರೇನಿನಿಂದ ಹಿಡಿದು ತಂದ ಹೆಂಗಸರು ತಣ್ಣೀರಿನಲ್ಲಿ ರಕ್ತದ ಕಲೆ ಉಜ್ಜುತ್ತಿದ್ದರು. ಆ ಹೆಂಗಸರ ಎದೆಯ ಮೇಲೂ ಒಂದು ಚೌಕ ಬಟ್ಟೆಯ ಗುರುತಿತ್ತು. ಅವರೊಡನೆ ಮಾತಾಡುವಂತಿರಲಿಲ್ಲ. ಅಕ್ಟೋಬರ್ ಚಳಿಗೆ ಅವರ ಕೈಗಳು ಬೀಟ್‌ರೂಟಿನ ಬಣ್ಣಕ್ಕೆ ತಿರುಗಿದ್ದನ್ನು ಥೆಕ್ಲಾ ಕಿಟಕಿಯಿಂದ ನೋಡುತ್ತಿದ್ದಳು. ನೋಡಿ ತಲೆ ತಗ್ಗಿಸುತ್ತಿದ್ದಳು.

ಅವಳ ಕೆಲಸ ಹುದ್ದೆ ಬಿಚ್ಚುವುದು. ಹೆಗಲ ಪಟ್ಟಿ, ಕಾಲರಿನ ಪಟ್ಟಿ, ಎಡತೋಳಿನ ಮೇಲಿನ ಕೋನಾಕಾರದ ಪಟ್ಟಿ, ಎಲ್ಲವನ್ನೂ ಚೂಪು ಕತ್ತರಿಯಿಂದ ಬಿಡಿಸಿ ಬೇರೆ ಬೇರೆ ಡಬ್ಬಕ್ಕೆ ಹಾಕಬೇಕು. ಹೆಗಲ ಪಟ್ಟಿಗೆ ಬಿಳಿ ಅಂಚಿದ್ದರೆ ಕಾಲಾಳು, ಕೆಂಪಿದ್ದರೆ ಫಿರಂಗಿಯವನು, ಕಪ್ಪಿದ್ದರೆ ಸೇತುವೆ ಕಟ್ಟುವವನು. ತೋಳಿಗೆ ಒಂದು ಪಟ್ಟಿಯಿದ್ದರೆ ಸಾದಾ ಸಿಪಾಯಿಗಿಂತ ಮೇಲಿನ ಗೆಫ್ರೈಟರ್, ಎರಡಿದ್ದರೆ ಅವನಿಗಿಂತ ಒಂದು ಮೆಟ್ಟಿಲು ಮೇಲಿನ ಓಬರ್‌ಗೆಫ್ರೈಟರ್. ಬಿಚ್ಚಿದ ಮೇಲೆ ಕೋಟುಗಳೆಲ್ಲ ಒಂದೇ. ತೂತು ಮುಚ್ಚಿಸಿಕೊಂಡು ಮತ್ತೊಬ್ಬನ ಮೈಗೆ ಹೋಗಲು ತಯಾರು.

"ಏನೇ ಥೆಕ್ಲಾ, ಬೆಳಗಿಂದ ಎಷ್ಟು ಜನರ ಹುದ್ದೆ ಕಿತ್ತೆ?" ಎಂದು ಪಕ್ಕದ ಯಂತ್ರದ ಲೀಸ್ಬೆಟ್ ಕೇಳುತ್ತಿದ್ದಳು.

"ಹದಿನಾಲ್ಕು. ಅದ್ರಲ್ಲೊಬ್ಬ ಫೆಲ್ಡ್‌ವೆಬೆಲ್."

"ರಷ್ಯಾದವ್ರು ನೋಡಿ ಕಲೀಬೇಕು ನಿನ್ನ."

ಹಜಾರದ ಮೇಲ್ವಿಚಾರಣೆ ನಿಜವಾದ ಫೆಲ್ಡ್‌ವೆಬೆಲ್, ಅಂದರೆ ಸಾರ್ಜೆಂಟ್, ಒಬ್ಬನದು. ಹೆಸರು ಪಾಬ್ಸ್ಟ್. ಬೆಳ್ಳಿ ಅಂಚಿನ ಹೆಗಲ ಪಟ್ಟಿ, ಮರದ ಎಡಗಾಲು. "ಲೀಸ್ಬೆಟ್, ಆ ಬಾಯಿಗೂ ಒಂದು ಹೊಲಿಗೆ ಹಾಕ್ಕೋ" ಎಂದು ಅವನು ದೂರದಿಂದಲೇ ಹೇಳುವನು.

"ದಾರ ಕೊಡಿ ಸಾಹೇಬ್ರೆ, ಹಾಕ್ಕೋತೀನಿ. ಈ ತಿಂಗ್ಳು ರೇಷನ್ನಲ್ಲಿ ಬಂದಿಲ್ಲ."

ಥೆಕ್ಲಾಳ ಗಂಡ ಏವಾಲ್ಡ್ ರೈಲ್ವೆ ಗುಮಾಸ್ತನಾಗಿದ್ದವನು, ಆಮೇಲೆ ಸೈನ್ಯಕ್ಕೆ ಹೋದವನು. ಜನವರಿಯಲ್ಲಿ ಸ್ಟಾಲಿನ್‌ಗ್ರಾಡಿನಿಂದ ಬಂದದ್ದು ಒಂದು ಬೂದು ಕಾಗದ ಮಾತ್ರ. ಅದರಲ್ಲಿ "ಕಾಣೆಯಾಗಿದ್ದಾರೆ" ಎಂದಿತ್ತು. ಸತ್ತಿದ್ದಾರೆ ಎಂದಿರಲಿಲ್ಲ. ಒಂದು ಪದದ ಮೇಲೆ ಮನುಷ್ಯ ಹತ್ತು ತಿಂಗಳು ಬದುಕಬಹುದು ಎಂದು ಅವಳಿಗೆ ಆಮೇಲೆ ಗೊತ್ತಾಯಿತು.

ಆ ಸೋಮವಾರ ಅವಳ ಕೈಗೆ ಬಂದ ಕೋಟಿನ ಎಡ ಎದೆಯಲ್ಲಿ, ಜೇಬಿನ ಕೆಳಗೆ, ಬೆರಳು ತೂರುವಷ್ಟು ತೂತಿತ್ತು. ತೋಳಿನ ಮೇಲೆ ಎರಡು ಪಟ್ಟಿ. ಅದರ ಒಂದು ಮೂಲೆಯನ್ನು ಬಿಚ್ಚುವಾಗ ಕೋಟಿನ ಮುಂಭಾಗದ ಒಳಗಡೆ ಏನೋ ಗಟ್ಟಿಯಾಗಿ ತಗುಲಿತು. ಅಲ್ಲಿ ಪ್ರತಿ ಕೋಟಿಗೂ ಒಂದು ಪುಟ್ಟ ಜೇಬಿರುತ್ತದೆ. ಗಾಯದ ಪಟ್ಟಿಯ ಪೊಟ್ಟಣ ಇಡುವುದಕ್ಕೆ. ಗಾಯದ ಪಟ್ಟಿ ಇರಲಿಲ್ಲ. ಅದನ್ನು ಸುತ್ತಿದ್ದ ರಬ್ಬರು ಬಟ್ಟೆಯೊಳಗೆ ಮಡಿಸಿಟ್ಟ ಒಂದು ಪತ್ರವಿತ್ತು. ಲಕೋಟೆಯ ಮೇಲೆ "ಗೆಫ್ರೈಟರ್ ಆರ್ನೋ ಸ್ಟ್ರೋಬಾಖ್" ಎಂದೂ, ಹಿಂದೆ ಕಳಿಸಿದವರ ಹೆಸರು ಈಡಾ ಸ್ಟ್ರೋಬಾಖ್ ಎಂದೂ ಇತ್ತು. ಹಳ್ಳಿಯ ಹೆಸರು ಥೆಕ್ಲಾ ಕೇಳಿದ್ದೇ. ರೈಲಿನಲ್ಲಿ ಎರಡು ಗಂಟೆ ದಾರಿ.

ಜೇಬಿನಲ್ಲಿ ಸಿಕ್ಕಿದ್ದನ್ನೆಲ್ಲ ಪಾಬ್ಸ್ಟ್‌ನ ಮೇಜಿನ ಡಬ್ಬಕ್ಕೆ ಹಾಕಬೇಕೆಂದು ನಿಯಮ. ಥೆಕ್ಲಾ ಅದನ್ನು ರವಿಕೆಯೊಳಗೆ ಸೇರಿಸಿದಳು. ಕೋಟನ್ನು ರಾಶಿಯ ಅಡಿಗೆ ತಳ್ಳಿದಳು.

ಮನೆಗೆ ಬಂದು ಓದಿದಳು. ಸೈನಿಕನ ತಾಯಿ ಜುಲೈನಲ್ಲಿ ಬರೆದದ್ದು. ಹಂದಿಗೆ ಹುಷಾರಿರಲಿಲ್ಲ, ಈಗ ತಿನ್ನುತ್ತಿದೆ. ಅಜ್ಜಿ ನಿನ್ನನ್ನೇ ಕೇಳುತ್ತಾಳೆ. ಕಾಲ್ಚೀಲ ಕಳಿಸಿದ್ದೇನೆ, ಬೇರೆಯವರಿಗೆ ಕೊಟ್ಟುಬಿಡಬೇಡ, ನಿನ್ನ ಬುದ್ಧಿ ನನಗೆ ಗೊತ್ತು.

ಏವಾಲ್ಡ್‌ನ ಕೋಟು ಎಲ್ಲೋ ಯಾವಳದೋ ಕೈಗೆ ಬಂದಿದ್ದರೆ ಅವಳು ನನಗೆ ತಿಳಿಸಬೇಕೆ ಬೇಡವೆ? ಥೆಕ್ಲಾ ಮೂರು ದಿನ ಇದನ್ನೇ ತಿರುವಿ ಹಾಕಿದಳು. ತಿಳಿಸಬೇಕು ಎಂದೇ ಪ್ರತಿಸಲವೂ ಉತ್ತರ ಬಂತು. ನಾಲ್ಕನೆಯ ದಿನ ಆ ಪತ್ರದ ಜೊತೆಗೆ ನಾಲ್ಕು ಸಾಲು ಬರೆದು ಅಂಚೆಗೆ ಹಾಕಿದಳು. ನಾನು ಸೈನ್ಯದ ಬಟ್ಟೆ ರಿಪೇರಿ ಮಾಡುವ ಕಡೆ ಕೆಲಸ ಮಾಡುತ್ತೇನೆ. ನಿಮ್ಮ ಈ ಕಾಗದ ಒಂದು ಕೋಟಿನಲ್ಲಿ ಸಿಕ್ಕಿತು. ನನ್ನ ಯಜಮಾನರೂ ಕಾಣೆಯಾಗಿದ್ದಾರೆ, ಹಾಗಾಗಿ ತಿಳಿಸಬೇಕೆನ್ನಿಸಿತು. ಕೆಳಗೆ ತನ್ನ ಹೆಸರು, ವಿಳಾಸ ಹಾಕಿದಳು. ತೂತಿನ ವಿಷಯ ಬರೆಯಲಿಲ್ಲ.

ಮುಂದಿನ ಗುರುವಾರ ಮಧ್ಯಾಹ್ನ, ಹೆಂಗಸರೆಲ್ಲ ಟರ್ನಿಪ್ ಸೂಪಿನ ಬಟ್ಟಲು ಹಿಡಿದು ಕೂತಿದ್ದಾಗ, ಹಿತ್ತಲ ಬಾಗಿಲಿನಲ್ಲಿ ಕರಿ ತಲೆವಸ್ತ್ರದ ಒಬ್ಬ ಹೆಂಗಸು ಬಂದು ನಿಂತಳು. ಐವತ್ತೈದರ ಆಸುಪಾಸು. ಕೈಯಲ್ಲಿ ಸೇಬಿನ ಬುಟ್ಟಿ.

"ಥೆಕ್ಲಾ ಅಂದ್ರೆ ಯಾರು?"

ಥೆಕ್ಲಾ ಎದ್ದು ಹೋದಳು. ಅವಳನ್ನು ತೋಳು ಹಿಡಿದು ಕೋಟುಗಳಿಟ್ಟ ಪಕ್ಕದ ಕೋಣೆಗೆ ಕರೆದುಕೊಂಡು ಹೋದಳು.

"ನಿನ್ನ ಯಾರು ಕೇಳಿದ್ರು?" ಎಂದಳು ಈಡಾ. ದನಿ ಜೋರಿರಲಿಲ್ಲ. "ಆಗಸ್ಟ್‌ನಲ್ಲಿ ಕಾಣೆ ಅಂತ ಕಾಗ್ದ ಬಂತು. ಆಯ್ತು, ಎಲ್ಲೋ ಇದಾನೆ, ಸೆರೆ ಸಿಕ್ಕಿರ್ತಾನೆ ಅಂತ ಇದ್ದೆ. ನಿನ್ನ ಕಾಗ್ದ ಬಂದಾಗಿಂದ ಮೂರು ದಿನ ಒಲೆ ಹಚ್ಚಿಲ್ಲ ನಾನು. ನಂ ಅತ್ತೆಗೆ ಇನ್ನೂ ಹೇಳಿಲ್ಲ. ಏನು ಒಳ್ಳೇದು ಮಾಡ್ದೆ ಅಂದ್ಕೊಂಡಿದೀಯ?"

"ತಪ್ಪಾಯ್ತು ಅಮ್ಮ."

"ತಪ್ಪು ಒಪ್ಪು ಆಮೇಲೆ. ಕೋಟು ತೋರ್ಸು."

ಥೆಕ್ಲಾ ರಾಶಿಯ ಅಡಿಯಿಂದ ಅದನ್ನು ಎಳೆದು ಮೇಜಿನ ಮೇಲೆ ಹರಡಿದಳು. ಈಡಾ ಮೊದಲು ತೂತನ್ನೇ ನೋಡಿದಳು. ಬೆರಳು ಅದರ ಹತ್ತಿರ ಹೋಗಿ ಹಿಂದೆ ಬಂತು. ಕಾಲರನ್ನು ಮೂಸಿದಳು. ಬಿಸಿ ಕೋಣೆಯ ವಾಸನೆ ಬಿಟ್ಟು ಇನ್ನೇನೂ ಇರಲಿಲ್ಲ. ಆಮೇಲೆ ಅವಳ ಕಣ್ಣು ತೋಳಿಗೆ ಹೋಯಿತು, ಅಲ್ಲೇ ನಿಂತಿತು.

"ಇದು ಎರಡು ಪಟ್ಟಿ."

"ಹೌದು."

"ನಂ ಹುಡುಗಂದು ಒಂದೇ ಪಟ್ಟಿ. ಲಕೋಟೆ ಮೇಲೆ ನಾನೇ ಬರ್ದಿದೀನಲ್ಲ, ಗೆಫ್ರೈಟರ್ ಅಂತ." ಅವಳ ಮುಖಕ್ಕೆ ರಕ್ತ ಹತ್ತತೊಡಗಿತು. "ಹಾಗಾದ್ರೆ ಇದು ಅವನ ಕೋಟಲ್ಲ. ಕಾಗ್ದ ಯಾರಿಗೋ ಓದೋಕೆ ಕೊಟ್ಟಿರ್ತಾನೆ. ಕಾಲ್ಚೀಲಾನೂ ಹಂಗೇ ಕೊಡ್ತಾನೆ. ಅಲ್ವಾ?"

ಥೆಕ್ಲಾ ಉತ್ತರ ಕೊಡುವ ಮೊದಲೇ ಮರದ ಕಾಲಿನ ಸದ್ದು ಬಾಗಿಲಿಗೆ ಬಂತು. ಹಿಂದೆಯೇ ಲೀಸ್ಬೆಟ್ ಓಡಿ ಬಂದಳು. ಹೊರಗಿನವರನ್ನು ಒಳಗೆ ಬಿಟ್ಟರೆ ಏನಾಗುತ್ತದೆ ಎಂದು ಎಲ್ಲರಿಗೂ ಗೊತ್ತಿತ್ತು. ಸೈನ್ಯದ ಸ್ವತ್ತು ಕದ್ದಳೆಂದು ಹೋದ ಚಳಿಗಾಲದಲ್ಲಿ ಪಕ್ಕದ ಊರಿನ ಒಬ್ಬಳನ್ನು ಜೈಲಿಗೆ ಒಯ್ದಿದ್ದರು.

"ಇವ್ರು ಯಾರು?" ಎಂದ ಪಾಬ್ಸ್ಟ್.

"ನಮ್ಮತ್ತೆ ಸಾಹೇಬ್ರೆ" ಎಂದಳು ಲೀಸ್ಬೆಟ್. "ಸೇಬು ತಂದಿದಾರೆ."

"ನಿಮ್ಮತ್ತೆ ಸತ್ರು ಅಂತ ಹೋದ್ವರ್ಷ ಎರಡು ದಿನ ರಜ ತಗೊಂಡಿದ್ದೆ."

"ಇವ್ರು ಚಿಕ್ಕತ್ತೆ."

ಪಾಬ್ಸ್ಟ್ ನಗಲಿಲ್ಲ. ಮೇಜಿನ ಮೇಲಿನ ಕೋಟನ್ನು ನೋಡಿದ, ಕರಿ ತಲೆವಸ್ತ್ರವನ್ನು ನೋಡಿದ. ಅವನಿಗೆ ಯಾರೂ ಏನೂ ಹೇಳಬೇಕಾಗಲಿಲ್ಲ. ಈಡಾ ಅವನ ಹೆಗಲ ಬೆಳ್ಳಿ ಅಂಚನ್ನು ಗುರುತಿಸಿ ಕೈ ಜೋಡಿಸಿದಂತೆ ಹಿಡಿದು ಮುಂದೆ ಬಂದಳು.

"ಸಾಹೇಬ್ರೆ, ನೀವು ಸೈನ್ಯ ಕಂಡವ್ರು. ನೀವೇ ಹೇಳಿ. ಒಂದು ಪಟ್ಟಿಯವನು ಎರಡು ಪಟ್ಟಿ ಕೋಟು ಹಾಕ್ಕೋಬೋದಾ?"

ಪಾಬ್ಸ್ಟ್ ಕೋಟಿನ ತೋಳನ್ನು ಕೈಗೆತ್ತಿಕೊಂಡ. ಥೆಕ್ಲಾ ಬಿಚ್ಚಿ ಬಿಟ್ಟಿದ್ದ ಮೂಲೆಯನ್ನು ಹೆಬ್ಬೆರಳಿನಿಂದ ಎತ್ತಿ ನೋಡಿದ. ಥೆಕ್ಲಾಳೂ ಆಗಲೇ ಸರಿಯಾಗಿ ನೋಡಿದಳು. ದೊಡ್ಡ ಜೋಡಿ ಪಟ್ಟಿಯ ಅಡಿಯಲ್ಲಿ, ಮಾಸದೆ ಉಳಿದ ಬಟ್ಟೆಯ ಮೇಲೆ, ಚಿಕ್ಕದೊಂದು ಪಟ್ಟಿಯ ಸೂಜಿ ತೂತುಗಳು ಸಾಲಾಗಿ ಇದ್ದವು. ಈ ಕೋಟಿನವನು ಮೊದಲು ಒಂದು ಪಟ್ಟಿಯವನಾಗಿದ್ದ. ಜೋಡಿ ಪಟ್ಟಿಯನ್ನು ಹೊಲಿದ ದಾರ ಹೊಸದು, ಇನ್ನೂ ಬಣ್ಣ ಬಿಟ್ಟಿರಲಿಲ್ಲ. ಕೆಲವೇ ದಿನ ಹಾಕಿರಬೇಕು. ಮನೆಗೆ ಬರೆಯುವಷ್ಟು ಪುರಸೊತ್ತೂ ಸಿಕ್ಕಿರಲಿಕ್ಕಿಲ್ಲ.

ಪಾಬ್ಸ್ಟ್ ಮೂಲೆಯನ್ನು ಮತ್ತೆ ಒತ್ತಿ ಅದರ ಮೇಲೆ ಹೆಬ್ಬೆರಳು ಇಟ್ಟ.

"ಇಲ್ಲ ತಾಯಿ" ಎಂದ. "ಸೈನ್ಯದಲ್ಲಿ ತನಗೆ ಕೊಡದೇ ಇರೋದನ್ನ ಯಾರೂ ಹಾಕ್ಕೊಳ್ಳೋಲ್ಲ. ಇದು ಬೇರೆಯವಂದು."

"ನೋಡ್ದ್ಯಾ?" ಎಂದು ಈಡಾ ಥೆಕ್ಲಾಳ ಕಡೆ ತಿರುಗಿದಳು. ಬೈಗುಳ ಹೋಗಿ ಅವಳ ದನಿಯಲ್ಲಿ ಉಪಚಾರ ಬಂದಿತ್ತು. "ಇರ್ಲಿ ಬಿಡು, ನೀನು ಒಳ್ಳೇ ಮನಸ್ಸಿಂದಾನೇ ಬರ್ದೆ. ಪಾಪ, ಈ ಕೋಟಿನವನ ತಾಯಿ ಯಾರೋ." ಬುಟ್ಟಿಯ ಅರ್ಧ ಸೇಬನ್ನು ಮೇಜಿನ ಮೇಲೆ ಸುರಿದು, ಮೂರೂ ಜನರ ಕೈ ಹಿಡಿದು ಕುಲುಕಿ, ಎರಡೂವರೆ ಗಂಟೆಯ ರೈಲಿಗೆ ಹೊರಟಳು. ಹಿತ್ತಲು ದಾಟುವಾಗ ಕಲೆ ಉಜ್ಜುತ್ತಿದ್ದ ಹೆಂಗಸರ ಕೈಗೂ ಒಂದೊಂದು ಸೇಬು ಇಟ್ಟು ಹೋದದ್ದನ್ನು ಪಾಬ್ಸ್ಟ್ ಕಂಡೂ ಕಾಣದಂತೆ ನಿಂತ.

ಲೀಸ್ಬೆಟ್ ಹೋದ ಮೇಲೆ ಅವನು ಕೇಳಿದ, "ತೂತು ಸಾಲು ನೋಡ್ದ್ಯಾ?"

"ನೋಡ್ದೆ ಸಾಹೇಬ್ರೆ."

"ನಾನೂ ನೋಡ್ದೆ." ಕೋಟನ್ನು ಅವಳ ಕಡೆ ತಳ್ಳಿ, "ಕೋಟು ಒಂದು ಲಾರಿಲಿ ಹೋಗತ್ತೆ, ಮನುಷ್ಯ ಇನ್ನೊಂದರಲ್ಲಿ. ಆ ಲಾರಿ ತಲಪದೇ ಇದ್ರೆ ಕಾಗ್ದದಲ್ಲಿ ಕಾಣೆ ಅಂತ ಬರೀತಾರೆ. ನಾನು ಕಣ್ಣಾರೆ ಕಂಡಿದೀನಿ. ಇವತ್ತೇ ಬಿಚ್ಚಿ ಹೊಲಿದು ಕಳ್ಸು ಇದನ್ನ. ಇನ್ಮೇಲೆ ಯಾರಿಗೂ ಬರೀಬೇಡ" ಎಂದ.

ಥೆಕ್ಲಾ ಬಿಚ್ಚಿದಳು. ಪಟ್ಟಿ ಡಬ್ಬಕ್ಕೆ ಹೋಯಿತು, ತೂತಿಗೆ ತೇಪೆ ಬಿತ್ತು, ಕೋಟು ಸಂಜೆಯ ಮೂಟೆಯಲ್ಲಿ ಹೋಯಿತು. ಆ ರಾತ್ರಿಯಿಂದ ಅವಳಿಗೆ ಹೊಸ ಸಂಕಟ ಶುರುವಾಯಿತು. ತಾನು ಬಾಯಿಬಿಡದೆ ಇದ್ದದ್ದು ದಯೆಯೋ, ಇಲ್ಲ ಇನ್ನೊಮ್ಮೆ ಬೈಸಿಕೊಳ್ಳುವ ಹೆದರಿಕೆಯೋ ತಿಳಿಯಲಿಲ್ಲ. ಏವಾಲ್ಡ್ ಬದುಕಿರಬಹುದು ಎಂದು ತನಗೆ ಹೇಳಿದವರೆಲ್ಲ, ರೈಲ್ವೆ ಆಫೀಸಿನವರು, ಪಾದ್ರಿಗಳು, ಅವನ ತಮ್ಮ, ಯಾವ ಮೂಲೆಯ ಮೇಲೆ ಹೆಬ್ಬೆರಳು ಇಟ್ಟುಕೊಂಡು ಹೇಳಿದರೋ ಎಂಬ ಅನುಮಾನ ಹೊಕ್ಕಿತು. ಒಮ್ಮೆ ಹೊಕ್ಕದ್ದು ಹೊರಗೆ ಹೋಗಲಿಲ್ಲ.

ಜನವರಿಯಲ್ಲಿ ಪಾಬ್ಸ್ಟ್‌ನನ್ನು ಎಲ್ಲಿಗೋ ವರ್ಗ ಮಾಡಿದರು. ಒಂದು ಕಾಲಿನವರನ್ನೂ ಬಿಡದ ಕಾಲ ಬಂದಿತ್ತು.

ಫೆಬ್ರವರಿಯ ಒಂದು ಭಾನುವಾರ ಥೆಕ್ಲಾ ಚರ್ಚಿನಿಂದ ಬರುವಾಗ ಅವಳ ಮನೆಯ ಮೆಟ್ಟಿಲಿನ ಮೇಲೆ ಈಡಾ ಕೂತಿದ್ದಳು. ಒಳಗೆ ಬಂದು ಕೋಟನ್ನೂ ತೆಗೆಯದೆ ಮೇಜಿನ ಮೇಲೆ ಒಂದು ಟೈಪು ಮಾಡಿದ ಕಾಗದ ಇಟ್ಟಳು. ಮಗನ ತುಕಡಿಯವರ ಉತ್ತರ. ಓಬರ್‌ಗೆಫ್ರೈಟರ್ ಆರ್ನೋ ಸ್ಟ್ರೋಬಾಖ್, ಆಗಸ್ಟ್ ಒಂದರಂದು ಬಡ್ತಿ, ಒಂಬತ್ತರಿಂದ ಕಾಣೆ.

"ಎಂಟು ದಿನ" ಎಂದಳು ಈಡಾ. "ಎಂಟು ದಿನ ಎರಡು ಪಟ್ಟಿ ಹಾಕ್ಕೊಂಡಿದ್ದ."

ಥೆಕ್ಲಾ ಬಾರ್ಲಿ ಕಾಫಿಗೆ ನೀರಿಟ್ಟಳು.

"ನೀನು ಹೊಲಿಗೆಯವಳು. ನಿಂಗೆ ಅವತ್ತೇ ಗೊತ್ತಾಗಿತ್ತು."

"ಗೊತ್ತಾಗಿತ್ತು ಅಮ್ಮ."

"ಆ ಸಾಹೇಬ್ರಿಗೂ?"

"ಅವ್ರಿಗೂ."

ಈಡಾ ಬೈಯುತ್ತಾಳೆಂದು ಥೆಕ್ಲಾ ಕಾದಳು. ಈಡಾ ಮೇಜಿನ ಮೇಲಿನ ಬ್ರೆಡ್ಡಿನ ಪುಡಿಯನ್ನು ಬೆರಳಿನಿಂದ ಒಂದು ಕಡೆ ಗುಡಿಸುತ್ತ ಹೇಳಿದಳು. "ಕ್ರಿಸ್ಮಸ್‌ಗೆ ಅವನಿಗೂ ಒಂದು ತಟ್ಟೆ ಇಟ್ಟೆ. ಅತ್ತೆ ಮುದುಕಿ ಆ ತಟ್ಟೆ ನೋಡ್ಕೊಂಡೇ ಹೊಟ್ಟೆ ತುಂಬ ಉಂಡ್ರು. ಜನವರೀಲಿ ಹೋಗ್ಬಿಟ್ರು, ಮೊಮ್ಮಗ ಬರ್ತಾನೆ ಅಂತ್ಲೇ. ಅದಕ್ಕೆ ನಿಂಗೆ ಉಪಕಾರ ಹೇಳ್ಬೇಕೋ, ಶಾಪ ಹಾಕ್ಬೇಕೋ ಗೊತ್ತಾಗ್ದೆ ನಾಲ್ಕು ಸಲ ಸ್ಟೇಶನ್‌ಗೆ ಬಂದು ವಾಪಸ್ ಹೋದೆ."

"ಇವತ್ತು ಗೊತ್ತಾಯ್ತಾ?"

"ಇಲ್ಲ." ಆಮೇಲೆ ಅವಳು ತಲೆಯೆತ್ತಿದಳು. "ತೂತು ಎಲ್ಲಿತ್ತು ಅಂತ ಸರಿಯಾಗಿ ತೋರ್ಸು. ಅವತ್ತು ನೋಡಿದ್ದೆ, ಈಗ ಮರೆತುಹೋಗ್ತಿದೆ."

ಥೆಕ್ಲಾ ತನ್ನ ಎದೆಯ ಮೇಲೆ ಬೆರಳಿಟ್ಟು ತೋರಿಸಿದಳು. ಈಡಾ ಎದ್ದು ಬಂದು ಆ ಜಾಗದ ಮೇಲೆ ಅಂಗೈ ಇಟ್ಟಳು. ಒರಟು ಕೈ, ತಣ್ಣಗಿತ್ತು. ತುಂಬ ಹೊತ್ತು ತೆಗೆಯಲಿಲ್ಲ.

"ನರಳಿದ್ನಾ?"

"ಗೊತ್ತಿಲ್ಲ ಅಮ್ಮ" ಎಂದಳು ಥೆಕ್ಲಾ. ಇಲ್ಲ ಎಂದು ಹೇಳಲು ನಾಲಿಗೆ ತಯಾರಿತ್ತು. ಹೇಳಲಿಲ್ಲ. "ಗಾಯದ ಪಟ್ಟಿ ಬಳಸಿದ್ರು. ಯಾರೋ ಹತ್ರ ಇದ್ರು. ಅಷ್ಟು ಮಾತ್ರ ಗೊತ್ತು."

ಆಗ ಈಡಾ ಅತ್ತಳು. ನೀರು ಕುದಿದು ಆರಿದ ಮೇಲೆ ಕಾಫಿ ಕುಡಿದಳು. ಹೊರಡುವಾಗ ಬಾಗಿಲಲ್ಲಿ ನಿಂತು, "ಹೊಲಕ್ಕೆ ಆಳಿಲ್ಲ. ಈಸ್ಟರ್ ಆದ್ಮೇಲೆ ರಜ ಸಿಕ್ಕಿದ್ರೆ ಬಾ. ಆಲೂಗಡ್ಡೆ ಹಾಕ್ಬೇಕು" ಎಂದಳು.

ಏಪ್ರಿಲಿನಲ್ಲಿ ಥೆಕ್ಲಾಗೆ ಮೂರು ದಿನ ರಜ ಸಿಕ್ಕಿತು. ಹೋದಳು. ಎರಡು ದಿನ ಇಬ್ಬರೂ ಬೆನ್ನು ಬಗ್ಗಿಸಿ ದುಡಿದರು. ಮಾತೆಲ್ಲ ಬೀಜದ್ದು, ಮಣ್ಣಿನದು, ಇಲಿಯದು. ಮೂರನೆಯ ದಿನ ಈಡಾ ಸಾಲಿನ ತುದಿಯಲ್ಲಿ ನಿಂತು ಹಿಂದೆ ತಿರುಗಿ ನೋಡಿ, "ಅಯ್ಯೋ, ಹಾವು ಹರಿದ ಹಾಗೆ ಹಾಕಿದೀವಿ. ಆರ್ನೋ ಹಗ್ಗ ಹಿಡಿದ ಹಾಗೆ ನೆಟ್ಟಗೆ ಹಾಕ್ತಿದ್ದ" ಎಂದಳು. ಹೇಳಿದ ಮೇಲೆ ತಾನು ಹೇಳಿದ್ದು ತನಗೇ ಕೇಳಿಸಿದಂತೆ ಬುಟ್ಟಿಗೆ ಕೈ ಹಾಕಿದಳು.

"ನಿಮ್ಮನೆಯವ್ರಿಗೆ ತೋಟದ ಕೆಲ್ಸ ಬರತ್ತಾ?"

ಹದಿನೈದು ತಿಂಗಳಿಂದ, ರೇಷನ್ ಕಚೇರಿಯಲ್ಲಿ, ಅಂಚೆ ಮನೆಯಲ್ಲಿ, ಯಾರು ಕೇಳಿದರೂ ಥೆಕ್ಲಾ ತಡವರಿಸದೆ ಹೇಳಿಕೊಂಡು ಬಂದಿದ್ದಳು: ಅವರು ಹೀಗೆ ಮಾಡ್ತಾರೆ, ಅವರಿಗೆ ಇದು ಇಷ್ಟ ಆಗತ್ತೆ.

"ಬೀನ್ಸ್ ಹಾಕ್ತಾ..." ಎಂದಳು. ಹಾಕ್ತಾರೆ ಎನ್ನಬೇಕೋ, ಹಾಕ್ತಾ ಇದ್ರು ಎನ್ನಬೇಕೋ, ಮುಂದಿನ ಅಕ್ಷರ ಬರಲಿಲ್ಲ.

ಈಡಾ ಬುಟ್ಟಿಯನ್ನು ಅವಳ ಕಡೆ ಸರಿಸಿದಳು. ಸಂಜೆಯ ರೈಲಿಗೆ ಇನ್ನೂ ಹೊತ್ತಿತ್ತು. ಇಬ್ಬರೂ ಮುಂದಿನ ಸಾಲು ಹಿಡಿದರು.