ಎವಿಲಾಸಿಯೊ ಮೇಷ್ಟ್ರ ಗಂಟಲು

ಇಂಗ್ಲಿಷಿನಲ್ಲಿ ಯಾವುದನ್ನು ಎಣಿಸಬಾರದು ಎಂದು ಹೇಳಿಕೊಡುವುದರಲ್ಲೇ ಎವಿಲಾಸಿಯೊ ಮೇಷ್ಟ್ರು ಹನ್ನೊಂದು ವರ್ಷ ಸವೆಸಿದ್ದರು. ನಮ್ಮ ಪೋರ್ಚುಗೀಸಿನಲ್ಲಿ ಸಲಹೆಗಳು, ಮಾಹಿತಿಗಳು, ಬ್ರೆಡ್ಡುಗಳು ಎಲ್ಲಕ್ಕೂ ಬಹುವಚನದ ಬಾಲ ಉಂಟು. ಆ ಬಾಲ ಕತ್ತರಿಸುವುದೇ ಅವರ ಕಸುಬು. ಬ್ರೆಜಿಲಿನ ನಮ್ಮ ಓರು ಪ್ರೆತು ಊರಿನ ಬೀದಿ ತುಂಬ ವಿದೇಶಿ ಪ್ರವಾಸಿಗರು. ಅವರಲ್ಲಿ ಒಬ್ಬರೊಂದಿಗಾದರೂ ಮೇಷ್ಟ್ರು ಮಾತಾಡಿದ್ದನ್ನು ಕಂಡವರಿಲ್ಲ.

ಮೇಷ್ಟ್ರ ತರಗತಿಯಲ್ಲಿ ನಮ್ಮೊಂದಿಗೆ ಕಲಿಯುತ್ತಿದ್ದ ಜುರೇಮಾ ಬೇಕರಿಯ ಕೌಂಟರಿನವಳು. ಗುಡ್ಡದ ಹೋಟೆಲಿನಲ್ಲಿ ಅವಳಿಗೆ ತಿಂಡಿ ಬಡಿಸುವ ಕೆಲಸ ಸಿಗುವುದಿತ್ತು. ಅದಕ್ಕೆ ಅವಳಿಗೆ ಇಂಗ್ಲಿಷ್ ಬರುತ್ತದೆಂದು ಮೇಷ್ಟ್ರು ರುಜು ಹಾಕಿದ ಪತ್ರ ಶುಕ್ರವಾರದೊಳಗೆ ಬೇಕಿತ್ತು.

"ಮತ್ತೆ ಬ್ರೆಡ್ಸ್ ಅಂದ್ಯಲ್ಲಮ್ಮ! ಬ್ರೆಡ್ಡನ್ನ ಯಾರಾದ್ರೂ ಎಣಿಸ್ತಾರಾ?"

"ದಿನಾ ಬೆಳಿಗ್ಗೆ ಬಂದು ನೀವೇ 'ಆರು ಕೊಡು' ಅಂತೀರಲ್ಲ ಮೇಷ್ಟ್ರೇ."

"ಕೊಡೋದು ತೂಕ ಹಾಕಿ ತಾನೆ? ನಿನ್ನ ತಕ್ಕಡಿಗಿರೋ ಬುದ್ಧಿ ನಿನಗಿಲ್ಲ. ರುಜು ಇಲ್ಲ, ಹೋಗು!"

ಶುಕ್ರವಾರ ಬೆಳಿಗ್ಗೆ ಬೇಕರಿಯ ಸಾಲಿನಲ್ಲಿ ನಿಂತು ಮೇಷ್ಟ್ರು ಬ್ರೆಡ್ಡು ಸೀದಿದೆ ಎಂದು ಕೂಗಾಡುತ್ತಿದ್ದರು. ಅಷ್ಟರಲ್ಲಿ ವಿದೇಶಿ ತಾಯಿಯೊಬ್ಬಳು ಪುಟ್ಟ ಮಗಳೊಂದಿಗೆ ಒಳಗೆ ಬಂದಳು. ಮಗು ಚೀಸ್ ಬನ್ನಿಗೆ ಕೈಚಾಚಿತು. ತಾಯಿ ಗಾಬರಿಯಿಂದ ಏನೋ ಕೇಳಿದಳು; ಸಾಲಿನಲ್ಲಿದ್ದ ನಮಗೆ ಸಿಕ್ಕಿದ್ದು 'ಮಿಲ್ಕ್' ಒಂದೇ. ಹಾಲು ಸೇರಿದರೆ ಮಗುವಿಗೆ ಉಸಿರು ಕಟ್ಟುತ್ತದೆಂದು ತನ್ನ ಕತ್ತು ಹಿಡಿದು ತೋರಿಸಿದಳು.

"ಮೇಷ್ಟ್ರೇ, ನೀವಿದ್ದೀರಲ್ಲ! ಮಾತಾಡಿ!" ಎಂದಿತು ಇಡೀ ಸಾಲು.

ಮೇಷ್ಟ್ರ ಮುಖ ಹಿಟ್ಟಾಯಿತು. "ಖುಹ್... ಖುಹ್ಹು... ಗಂಟಲು ಕೂತಿದೆ ಕಣ್ರೋ," ಎಂದು ಪಿಸುಗುಟ್ಟಿ, ತೂಗಿಸಿದ ಬ್ರೆಡ್ಡನ್ನೂ ಬಿಟ್ಟು ಹೊರಟೇಹೋದರು.

ಜುರೇಮಾ ಕೌಂಟರ್ ದಾಟಿ ಬಂದು ಮೊದಲು ಚೀಸ್ ಬನ್ನನ್ನೂ ಆಮೇಲೆ ಸಾದಾ ಬ್ರೆಡ್ಡನ್ನೂ ತೋರಿಸಿದಳು. "ದಿಸ್, ಮೆನಿ ಮಿಲ್ಕ್ಸ್! ನೋ, ನೋ! ದಟ್, ಝೀರೋ ಮಿಲ್ಕ್ಸ್. ಬೇಬಿ ಓಕೆ!"

ತಾಯಿ ಮಗುವಿನ ಕೈ ಹಿಂದಕ್ಕೆಳೆದು, ಸಾದಾ ಬ್ರೆಡ್ಡು ಕೊಟ್ಟು, ಜುರೇಮಾಳ ಎರಡೂ ಕೈ ಹಿಡಿದುಕೊಂಡಳು.

ಮಧ್ಯಾಹ್ನ ತರಗತಿಯಲ್ಲಿ ಮೇಷ್ಟ್ರ ಕಂಠ ಕಿಟಕಿ ಅದುರಿಸುತ್ತಿತ್ತು. ಜುರೇಮಾ ಪತ್ರವನ್ನು ಮೇಜಿನ ಮೇಲಿಟ್ಟಳು.

"ಗಂಟಲು ಹೇಗಿದೆ ಮೇಷ್ಟ್ರೇ?"

"ಅದಿರ್ಲಿ. ಮೊದಲು ವ್ಯಾಕರಣ..."

ಹಿಂದಿನ ಬೆಂಚಿನಿಂದ ನಾನು ಕೆಮ್ಮಿದೆ: ಖುಹ್... ಖುಹ್ಹು... ಅದೇ ಶ್ರುತಿ, ಅದೇ ನಡುಕ. ಪಕ್ಕದ ಎವುದೋಕ್ಸಿಯಾ ಕೆಮ್ಮಿದಳು. ಆಮೇಲೆ ಮುಂದಿನ ಸಾಲು, ಕಿಟಕಿಯ ಸಾಲು, ಕೊನೆಗೆ ನೆಲ ಒರೆಸುತ್ತಿದ್ದ ಅಜ್ಜಿಯೂ.

ಮೇಷ್ಟ್ರು ತಲೆ ಎತ್ತದೆ ರುಜು ಗೀಚಿದರು.

ಜುರೇಮಾ ಈಗ ಗುಡ್ಡದ ಹೋಟೆಲಿನಲ್ಲಿದ್ದಾಳೆ. ಮೇಷ್ಟ್ರು ಮಾತ್ರ ಕೆಳಬೀದಿಯ ಬೇಕರಿಗೆ ಹೋಗುತ್ತಾರೆ. ಅಲ್ಲಿಯ ಬ್ರೆಡ್ಡು ಕಲ್ಲು. ಆದರೆ ಆ ಬೀದಿಗೆ ವಿದೇಶಿಯರು ಬರುವುದಿಲ್ಲ.