ಗೇಟು ಮಾವನದಲ್ಲ

ನಮ್ಮ ದೇಶವೂ ನೆರೆಯ ಕಜಾಕರಿರುವ ವ್ಯಾಪಾರ ಒಕ್ಕೂಟಕ್ಕೆ ಸೇರಲಿ ಎಂದು ಊರಿನ ಕ್ಲಬ್ಬಿನಲ್ಲಿ ಎದ್ದು ನಿಂತು ಕೂಗಿದವನು ನಾನೇ. ಇನ್ನು ಕಜಾಕರಿಗೂ ನಮಗೂ ನಡುವೆ ಗಡಿಯೇ ಇರುವುದಿಲ್ಲ, ಬೆಳಗ್ಗೆ ಕಿತ್ತ ಹಣ್ಣು ಸಂಜೆಗೆ ಅವರ ಅಲ್ಮಾಟಿ ನಗರದ ಮಾರುಕಟ್ಟೆಯಲ್ಲಿರುತ್ತದೆ ಎಂದಿದ್ದೆ. ಟಿವಿಯಲ್ಲಿ ಹಾಗೇ ಹೇಳಿದ್ದರು, ನಾನು ನಂಬಿದ್ದೆ. ನಮ್ಮ ಬೀದಿಯ ಹೆಂಗಸರು ನನ್ನನ್ನು ನಂಬಿದರು. ಅಲ್ಲಿಯವರೆಗೆ ಮನೆ ಬಾಗಿಲಿಗೆ ಬರುವ ದಲ್ಲಾಳಿ ಕೊಟ್ಟಷ್ಟು ಇಸಿದುಕೊಂಡು ಸುಮ್ಮನಾಗುತ್ತಿದ್ದವರು, ಈ ಬೇಸಿಗೆಯಲ್ಲಿ ಏಪ್ರಿಕಾಟನ್ನೆಲ್ಲ ನನ್ನ ಲಾರಿಗೆ ತುಂಬಿದರು. ಹಣ್ಣು ಗಡಿ ದಾಟಿದರೆ ನನ್ನ ಮಾತು ಉಳಿಯಿತು. ದಾಟದಿದ್ದರೆ ಆ ಬೀದಿಯಲ್ಲಿ ನಾನು ತಲೆಯೆತ್ತಿ ನಡೆಯುವಂತಿರಲಿಲ್ಲ.

ಪಕ್ಕದ ಸೀಟಿನಲ್ಲಿ ಅತ್ತಿಗೆ ಬುರುಲ್ಚಾ ಕೂತಿದ್ದಳು. ತೀರಿಹೋದ ನನ್ನ ಅಣ್ಣನ ಹೆಂಡತಿ. ಮೈದುನನನ್ನು ಚುಚ್ಚಿ ಆಡಿಕೊಳ್ಳುವುದು ನಮ್ಮಲ್ಲಿ ಅತ್ತಿಗೆಯ ಹಕ್ಕು, ಆ ಹಕ್ಕನ್ನು ಆಕೆ ಒಂದು ದಿನವೂ ಬಿಟ್ಟುಕೊಟ್ಟವಳಲ್ಲ. ನಮ್ಮ ಮನೆಯ ಮರಗಳಲ್ಲಿ ಅರ್ಧಕ್ಕರ್ಧ ಅವಳವೇ. ಅದಕ್ಕೇ ಕಣ್ಣಿಟ್ಟಿರಲು ಜೊತೆಯಲ್ಲಿ ಹೊರಟಿದ್ದಳು.

ಸೇತುವೆಯಾಚೆ ಕಜಾಕರ ಗೇಟು. ಬೆಳಗ್ಗೆಯೇ ಸಾಲಿನಲ್ಲಿ ನಿಂತ ನಮ್ಮ ಲಾರಿ ಮಧ್ಯಾಹ್ನವಾದರೂ ನಾಲ್ಕು ಮಾರು ಸರಿದಿರಲಿಲ್ಲ. ಟಾರ್ಪಾಲು ಕಾದು ಕ್ಯಾಬಿನ್ ತುಂಬ ಜಾಮ್ ಕುದಿಸುವ ವಾಸನೆ ತುಂಬಿಕೊಂಡಿತ್ತು.

"ಏನಪ್ಪಾ ಮೈದುನ, ಗಡಿನೇ ಇರಲ್ಲ ಅಂದಿದ್ದೆ. ಮತ್ತೆ ಇದೇನು, ಕುರಿದೊಡ್ಡಿ ಬಾಗಿಲಾ?"

"ಗಡಿ ಅಲ್ಲ ಅತ್ತಿಗೆ, ಬರೀ ತಪಾಸಣೆ."

"ಓಹೋ! ಹೆಸರು ಬದಲಾಯ್ತು ಅನ್ನು."

ಕೊನೆಗೂ ನಮ್ಮ ಸರದಿ ಬಂತು. ಅಧಿಕಾರಿ ಎಳೆಯ ಹುಡುಗ, ಮೀಸೆ ಇನ್ನೂ ಸರಿಯಾಗಿ ಬಂದಿರಲಿಲ್ಲ, ಮಾತು ಮಾತ್ರ ಮೃದು. ಕಾಗದಗಳನ್ನು ತಿರುವಿ ನೋಡಿ ವಾಪಸು ಕೊಟ್ಟ.

"ಈ ಲ್ಯಾಬಿನ ಚೀಟಿ ನಡೆಯಲ್ಲ, ಯಜಮಾನ್ರೇ."

"ಯಾಕಪ್ಪಾ? ಒಕ್ಕೂಟದಲ್ಲಿ ಎಲ್ಲಾ ಕಡೆ ನಡೆಯುತ್ತೆ ಅಂತ ಮುದ್ರೆನೇ ಇದೆ, ನೋಡು."

"ನಿನ್ನೆವರೆಗೂ ನಡೀತಿತ್ತು. ಇವತ್ತಿಂದ ನಮ್ಮ ಲ್ಯಾಬಿಗೇ ಹೋಗ್ಬೇಕು. ಹಣ್ಣಲ್ಲಿ ಹುಳ ಇದ್ಯಾ ಅಂತ ನೋಡ್ತಾರೆ."

"ಎಷ್ಟು ಹೊತ್ತಾಗುತ್ತೆ?"

"ಮೂರ್ನಾಲ್ಕು ದಿನ."

"ಅಷ್ಟು ದಿನ ಬಿಟ್ರೆ ಇಲ್ದಿರೋ ಹುಳಾನೂ ಬರುತ್ತಲ್ಲೋ!" ಎಂದು ಅತ್ತಿಗೆ ಕಿಟಕಿಯಿಂದ ಅರ್ಧ ಹೊರಗೆ ಬಾಗಿದಳು. ಹುಡುಗ ತಲೆ ತಗ್ಗಿಸಿದ. ಆಕೆ ದನಿ ತಗ್ಗಿಸಿ, ನಮ್ಮ ಕಡೆ ಯಾರನ್ನೇ ಕಂಡರೂ ಕೇಳುವುದನ್ನೇ ಕೇಳಿದಳು. "ಅದಿರ್ಲಿ ಮಗಾ, ಹೆಸರೇನು? ಯಾವ ಕುಲ ನಿಂದು?"

"ಸಂಜಾರ್ ಅಂತ. ಬೊತ್ಬಾಯ್ ಕುಲ, ಅಮ್ಮಾ."

ಅತ್ತಿಗೆ ನನ್ನ ತೊಡೆಗೆ ರಪ್ಪೆಂದು ಹೊಡೆದಳು. "ನಮ್ಮತ್ತೆ ತವರು ಕಣೋ! ಈ ಹುಡುಗ ನಿನಗೆ ಮಾವ!"

ಹೌದು, ನಮ್ಮಮ್ಮ ಬೊತ್ಬಾಯ್ ಕುಲದ ಮಗಳು. ಹೊಳೆಯಾಚೆಯಿಂದ ಇಲ್ಲಿಗೆ ಸೊಸೆಯಾಗಿ ಬಂದಾಗ ಈ ಗೇಟೂ ಇರಲಿಲ್ಲ, ಸಾಲೂ ಇರಲಿಲ್ಲ. ತಾಯಿಯ ಕುಲದಲ್ಲಿ ತೊಟ್ಟಿಲ ಕೂಸೂ ನಮಗೆ ಸೋದರಮಾವನೇ. ಕಜಾಕರಲ್ಲೂ ನಮ್ಮಲ್ಲೂ ಪದ್ಧತಿ ಒಂದೇ: ಅಳಿಯ ಬಾಯಿಬಿಟ್ಟು ಕೇಳಿದರೆ ಮಾವಂದಿರು ಇಲ್ಲ ಎನ್ನುವಂತಿಲ್ಲ. ಕುದುರೆ ಕೇಳಿದರೆ ಕುದುರೆ, ಬಂದೂಕು ಕೇಳಿದರೆ ಬಂದೂಕು. ಇಲ್ಲ ಎಂದರೆ ಇಡೀ ಕುಲಕ್ಕೆ ಕೆಟ್ಟ ಹೆಸರು.

ನಾನು ಲಾರಿಯಿಂದ ಇಳಿದೆ. ಹುಡುಗ ಟೋಪಿ ತೆಗೆದು ಎರಡೂ ಕೈಯಲ್ಲಿ ನನ್ನ ಕೈ ಹಿಡಿದುಕೊಂಡ. ಅರ್ಧ ತಲೆ ನರೆತ ನಾನು ಆ ಚಿಗುರುಮೀಸೆಯವನಿಗೆ ಹೇಳಿದೆ, "ಮಾವ, ಇಲ್ಲಿವರೆಗೆ ಅಮ್ಮನ ತವರಿಂದ ಒಂದು ಕುರಿಮರೀನೂ ಕೇಳಿದವನಲ್ಲ ನಾನು. ಈಗ ಕೇಳ್ತಿದೀನಿ. ಆ ಗೇಟು ತೆಗಿ."

ಅವನ ಮುಖ ಕೆಂಪಾಯಿತು. ಕಾಗದ ಎತ್ತಿಕೊಂಡು ಒಳಗೆ ಹೋದ. ಕೋಣೆಯೊಳಗೆ ಯಾರೋ ಕೂಗಾಡುವುದು ನಮಗೂ ಕೇಳಿಸಿತು. ಹೊರಗೆ ಬಂದವನು ನನ್ನನ್ನು ಪಕ್ಕಕ್ಕೆ ಕರೆದ.

"ನನ್ನ ಹತ್ರ ಒಂದು ಕಂದು ಕುದುರೆ ಇದೆ, ಓಟದಲ್ಲಿ ಗೆದ್ದಿರೋದು. ಕರ್ಕೊಂಡು ಹೋಗಿ. ಕಾರು ಬೇಕು ಅಂದ್ರೆ ಈಗ್ಲೇ ಬೀಗ ಕೊಡ್ತೀನಿ. ಗೇಟ್ ಮಾತ್ರ ಕೇಳ್ಬೇಡಿ. ಅದು ನಂದಲ್ಲ."

"ಮತ್ತೆ ಯಾರದ್ದು?"

ಅವನು ಕೋಣೆಯ ಕಡೆ ನೋಡಿ ಟೋಪಿ ಹಾಕಿಕೊಂಡ. ನನಗೆ ಮೈಯೆಲ್ಲ ಉರಿದುಹೋಯಿತು. ಒಂದು ಲಾರಿ ಹಣ್ಣು ಬಿಸಿಲಲ್ಲಿ ಬೇಯುತ್ತಿರುವಾಗ ಕುದುರೆ ಕಟ್ಟಿಕೊಂಡು ನಾನೇನು ಮಾಡಲಿ?

"ಕುದುರೆ ಬೇಡ. ಭಾನುವಾರ ನಮ್ಮೂರಿಗೆ ಬಾ. ಈ ಹಣ್ಣು ಕಿತ್ತ ಹೆಂಗಸರ ಮುಂದೆ ನಿಂತ್ಕೊಂಡು, ಯಾಕೆ ಬಿಡಲಿಲ್ಲ ಅಂತ ನಿನ್ನ ಬಾಯಲ್ಲೇ ಹೇಳು. ಬಾಯಾದ್ರೂ ನಿಂದೇ ತಾನೇ?"

"ಬರ್ತೀನಿ" ಎಂದ.

ಲಾರಿ ತಿರುಗಿಸಿದೆ. ದಾರಿಯುದ್ದಕ್ಕೂ ರಸ ಸೋರಿತು, ಕಣಜಗಳು ಬೆನ್ನು ಬಿಡಲಿಲ್ಲ. ಊರು ಮುಟ್ಟುವಷ್ಟರಲ್ಲಿ ಬಹುಪಾಲು ಹಣ್ಣು ಮೆತ್ತಗಾಗಿತ್ತು. ಒಂದಿಷ್ಟನ್ನು ಆರಿಸಿ ಜಾಮ್ ಮಾಡಿದರು, ಉಳಿದದ್ದನ್ನು, ತಿನ್ನಿಸಲು ಹಂದಿಯೂ ಇಲ್ಲದ ನಮ್ಮೂರಲ್ಲಿ, ಹಳ್ಳಕ್ಕೇ ಸುರಿಯಬೇಕಾಯಿತು. ಹೆಂಗಸರು ನನ್ನ ಮೇಲೆ ಬೀಳುವ ಮೊದಲೇ ಅತ್ತಿಗೆ ತಡೆದಳು.

"ಬೈಗುಳ ಎಲ್ಲಾ ಭಾನುವಾರಕ್ಕೆ ಇಟ್ಕೊಳ್ರೇ. ಗೇಟ್ ಹಾಕಿದವನೇ ಬರ್ತಾನೆ."

ಅವರು ವಾರವಿಡೀ ನಾಲಗೆ ಮಸೆದುಕೊಂಡು ಕಾದರು. ನಾನೂ ಕಾದೆ. ನನ್ನ ಮಾತು ಸುಳ್ಳಾದದ್ದು ನನ್ನಿಂದಲ್ಲ ಎಂದು ಅವರಿಗೆ ಗೊತ್ತಾಗಬೇಕಿತ್ತು, ಅಷ್ಟೇ.

ಹುಡುಗ ಬಂದ. ಸಮವಸ್ತ್ರವಿಲ್ಲದೆ ಇನ್ನೂ ಎಳೆಯನಾಗಿ ಕಂಡ. ಅಳಿಯನ ಮನೆಗೆ ಬರಿಗೈಲಿ ಹೋಗಬಾರದೆಂದು ಕಾರಿನ ಡಿಕ್ಕಿಯಲ್ಲಿ ಒಂದು ಕುರಿ ಹಾಕಿಕೊಂಡು ಹೊರಟಿದ್ದನಂತೆ. ಸೇತುವೆಯ ಈಚೆ ನಮ್ಮ ಗೇಟಿನವರೇ ಪಶುವೈದ್ಯರ ಚೀಟಿ ಎಲ್ಲಿ ಎಂದು ಕುರಿಯನ್ನು ಇಳಿಸಿಕೊಂಡರಂತೆ. ಹೇಳುವಾಗ ನಾಚಿಕೆಯಿಂದ ಕುಗ್ಗಿಹೋಗಿದ್ದ.

ಮಾವ ಎಂದ ಮೇಲೆ ಬಾಗಿಲ ಬಳಿ ಕೂರಿಸಲಾಗುತ್ತದೆಯೇ? ಹಿರಿಯರು ಕೂರುವ ಮೇಲಿನ ಜಾಗದಲ್ಲಿ ಕೂರಿಸಿದರು. ಅತ್ತಿಗೆಯೇ ಚಹಾ ಬಗ್ಗಿಸಿದಳು. ಊರಿಗೆಲ್ಲ ಕೇಳುವಂತೆ ಬೈಯುತ್ತೇನೆ ಎಂದಿದ್ದ ಪಕ್ಕದ ಮನೆಯ ಮುದುಕಿ ಅದೇ ಹಣ್ಣಿನ ಜಾಮನ್ನು ಅವನ ಮುಂದೆ ತಳ್ಳಿ, "ತಿನ್ನಪ್ಪಾ, ದೂರದಿಂದ ಬಂದಿದೀಯ" ಎಂದಳು. ನಾನು ಒಳಗೊಳಗೇ ಕುದಿಯುತ್ತಿದ್ದೆ. ತಡೆಯಲಾರದೆ ಬಾಯಿ ಬಿಟ್ಟೆ.

"ಮಾವ, ನೀನು ಮಾತು ಕೊಟ್ಟಿದ್ದೆ."

ಅವನು ಬಟ್ಟಲು ಕೆಳಗಿಟ್ಟು ಎದ್ದು ನಿಂತ.

"ನಂಗೆ ಗೊತ್ತಿಲ್ಲ ಅಮ್ಮಾ. ಬೆಳಗ್ಗೆ ಫೋನ್ ಬರುತ್ತೆ, ಬಿಡ್ಬೇಡಿ ಅಂತಾರೆ. ಯಾಕೆ ಅಂದ್ರೆ, ನಮಗೂ ಮೇಲಿಂದ ಫೋನ್ ಬಂತು ಅಂತಾರೆ. ಇನ್ನೊಂದಿನ ಬಿಡಿ ಅಂತಾರೆ, ಅದೂ ಯಾಕೆ ಅಂತ ಗೊತ್ತಾಗಲ್ಲ. ನಿಮ್ಮ ಹಣ್ಣಲ್ಲಿ ಹುಳ ಇರಲಿಲ್ಲ. ನೋಡಿದ ಕೂಡ್ಲೇ ನಂಗೆ ತಿಳೀತು."

ಯಾರೂ ಬೈಯಲಿಲ್ಲ. ಮುದುಕಿ "ಪಾಪ, ಇವನು ತಾನೇ ಏನ್ ಮಾಡ್ತಾನೆ" ಎಂದು ಇನ್ನೊಂದು ಚಮಚ ಜಾಮ್ ಹಾಕಿದಳು. ಅವನು ಹೊರಟಾಗ ಬೀದಿಯ ಹೆಂಗಸರೆಲ್ಲ ಕಾರಿನವರೆಗೆ ಹೋಗಿ ಕಳಿಸಿಬಂದರು.

ಕಾರು ಮರೆಯಾದ ಮೇಲೆ ನಾನು ಅತ್ತಿಗೆಯನ್ನು ತಡೆದು ನಿಲ್ಲಿಸಿದೆ. "ಒಂದು ಮಾತಾದ್ರೂ ಅನ್ಬಾರ್ದಿತ್ತಾ ಅವನಿಗೆ? ವಾರ ಪೂರ್ತಿ ಕಾದಿದ್ರಲ್ಲ!"

"ಬಂದು ಎದುರಿಗೆ ನಿಂತವನಿಗೆ ಏನಂತ ಅನ್ನೋದು? ಬರ್ದಿರೋರು ಬೇರೆನೇ ಇದಾರೆ. ಅವರು ಯಾರ ಮಾವಂದ್ರೋ, ಯಾರಿಗೆ ಗೊತ್ತು."

"ಹಾಗಾದ್ರೆ ನನ್ನನ್ನೇ ಬೈದುಬಿಡಿ. ಸೇರೋಣ ಅಂತ ಕೂಗಿದವನು ನಾನಲ್ವಾ?"

ಆಕೆ ನನ್ನ ಮುಖ ನೋಡಿದಳು. ನಗಲಿಲ್ಲ, ಚುಚ್ಚಲಿಲ್ಲ.

"ಮುಂದಿನ ವರ್ಷ ಹಣ್ಣು ದಲ್ಲಾಳಿಗೇ ಕೊಡ್ತೀವಿ. ಎಲ್ಲರೂ ಮಾತಾಡ್ಕೊಂಡಿದೀವಿ, ಶಾರ್ಶೆನ್."

ಗಂಡನ ತಮ್ಮಂದಿರ ಹೆಸರನ್ನು ನಮ್ಮ ಹೆಂಗಸರು ಬಾಯಲ್ಲಿ ಆಡುವುದಿಲ್ಲ. ಸೊಸೆಯಾಗಿ ಬಂದಂದಿನಿಂದ ಆಕೆ ನನ್ನನ್ನು ಹೊರಗಿನವನಂತೆ ಹೆಸರು ಹಿಡಿದು ಕರೆದದ್ದು ಅದೇ ಮೊದಲು. ಬೈದಿದ್ದರೆ ಎಷ್ಟೋ ವಾಸಿಯಿತ್ತು.