ಸಂಗಣ್ಣ ಮಾಸ್ತರರ ಎತ್ತಿದ ಕೈ

ತಮ್ಮ ತಂಡದ ಮೇಲೆ ಗೋಲಾದ ಕೂಡಲೇ ಸಂಗಣ್ಣ ಮಾಸ್ತರರು ಬಲೆಗೆ ಬಿದ್ದ ಚೆಂಡಿನತ್ತ ತಿರುಗಿಯೂ ನೋಡದೆ, ಮೈದಾನದ ಉದ್ದಗಲಕ್ಕೂ ಕಣ್ಣಾಡಿಸಿ ಒಂದು ಕೈಯನ್ನು ಹುಡುಕುತ್ತಿದ್ದರು. ಯಾರ ತಪ್ಪಿನಿಂದ ಗೋಲಾಯಿತೋ ಅವನು, ಉಳಿದವರು ಬೊಟ್ಟು ಮಾಡುವ ಮೊದಲೇ, ತಾನಾಗಿ ಬಲಗೈ ಎತ್ತಿ ನಿಲ್ಲಬೇಕು. ಹೈದರಾಬಾದಿನ ಸನತ್‌ನಗರದ ಕಾಲೇಜೊಂದರ ದೈಹಿಕ ಶಿಕ್ಷಕರಾಗಿ ಅವರು ಇಪ್ಪತ್ತೆಂಟು ವರ್ಷಗಳಿಂದ ನಡೆಸಿಕೊಂಡು ಬಂದ ಪದ್ಧತಿ ಇದು. ಕೈ ಎತ್ತಿದವನಿಗೆ ಬೈಗುಳವಿಲ್ಲ, ಶಿಕ್ಷೆಯಿಲ್ಲ. ಮಾಸ್ತರರು ಒಮ್ಮೆ ತಲೆಯಾಡಿಸಿದರೆ ಮುಗಿಯಿತು. ಎತ್ತದವನು ಮುಂದಿನ ಪಂದ್ಯವನ್ನು ಬೆಂಚಿನ ಮೇಲೆ ಕೂತು ನೋಡುತ್ತಿದ್ದ.

ಕುಳ್ಳ ದೇಹ, ಎಡಮೊಣಕಾಲಿನ ಹಳೆಯ ಪೆಟ್ಟಿನಿಂದ ಕೊಂಚ ಓರೆಯಾದ ನಡಿಗೆ, ಎಂಥ ಬಿಸಿಲಿಗೂ ಬಿಚ್ಚದ ಕಡುನೀಲಿ ಕೋಟು. ಕೋಠಿಯ ಔಷಧದಂಗಡಿಯಿಂದ ತಂದ ಗ್ಲೂಕೋಸು, ಹತ್ತಿ, ಪಟ್ಟಿಗಳಿಂದ ಆ ಕೋಟಿನ ಜೇಬು ಬಾವು ಬಂದಂತೆ ಸದಾ ಉಬ್ಬಿರುತ್ತಿತ್ತು. ಮೈದಾನದ ಸುಣ್ಣದ ಗೆರೆಯನ್ನು ಅವರು ತುಳಿದದ್ದನ್ನು ಕಂಡವರಿಲ್ಲ. ದಾಟಲೇಬೇಕಾದಾಗ ಮನೆಯ ಹೊಸಿಲು ದಾಟುವಂತೆ ಕಾಲೆತ್ತಿ ದಾಟುತ್ತಿದ್ದರು. ಗೆರೆಯೊಳಗಿನ ಜಾಗ ಹುಡುಗರದು, ಹೊರಗಿನದು ತನ್ನದು ಎಂಬುದು ಅವರ ನಂಬಿಕೆ. ಆದ್ದರಿಂದ ಕೈ ಎತ್ತುವ ನಿಯಮವೂ ಒಳಗಿನವರಿಗಷ್ಟೇ ಅನ್ವಯಿಸುತ್ತಿತ್ತು. ಹೊರಗೆ ನಿಂತವರೂ ತಪ್ಪುತ್ತಾರಲ್ಲ ಎಂದು ಕೇಳುವ ಧೈರ್ಯ ಯಾರಿಗೂ ಇರಲಿಲ್ಲ.

ಅಜ್ಜನ ಕಾಲಕ್ಕೇ ಕಲಬುರಗಿ ಕಡೆಯಿಂದ ಸರ್ಕಾರಿ ನೌಕರಿಗೆಂದು ಬಂದು ಹೈದರಾಬಾದಿನಲ್ಲಿ ಬೇರುಬಿಟ್ಟ ಮನೆತನ ಅವರದು. ಅವರ ನಾಲಿಗೆಯಲ್ಲಿ ಮೂರು ಭಾಷೆಗಳು ಕೆಲಸ ಹಂಚಿಕೊಂಡಿದ್ದವು: ಕಲಿಸುವುದು ತೆಲುಗಿನಲ್ಲಿ, ಗದರುವುದು ದಖನಿ ಉರ್ದುವಿನಲ್ಲಿ, ಕರುಳು ಚುರುಕ್ಕೆಂದಾಗ ಮಾತ್ರ ತಮಗೇ ಅರಿವಿಲ್ಲದೆ ಕನ್ನಡ. ಮೊಣಕಾಲು ಕೆತ್ತಿಕೊಂಡು ಬಿದ್ದ ವರಂಗಲ್ಲಿನ ಹುಡುಗನ ಪಕ್ಕ ಕುಕ್ಕರುಗಾಲಲ್ಲಿ ಕೂತು, "ಏನೂ ಆಗಿಲ್ಲೋ ಎಪ್ಪಾ, ಅಳಬ್ಯಾಡ" ಅನ್ನುತ್ತಿದ್ದರು. ಅವನಿಗೆ ಒಂದಕ್ಷರ ತಿಳಿಯದಿದ್ದರೂ ಅಳು ನಿಲ್ಲುತ್ತಿತ್ತು.

ಹೋದ ವರ್ಷದ ಅಂತರಕಾಲೇಜು ಲೀಗು ಅವರ ತಂಡಕ್ಕೆ ಒಲಿದು ಬಂದಂತಿತ್ತು. ಈಗ ಈ ಊರಿನ ಜನ ಮೆಟ್ರೋ ಹತ್ತಿ ಉಪ್ಪಲ್ಲಿಗೆ ಕ್ರಿಕೆಟ್ಟು ನೋಡಲು ಓಡುತ್ತಾರೆ, ಫುಟ್‌ಬಾಲನ್ನು ಯಾರೂ ಮೂಸಿ ನೋಡುವುದಿಲ್ಲ. ಆದರೂ ಎಂಟು ಪಂದ್ಯ ಮುಗಿದಾಗ ನಾಲ್ಕೇ ಗೋಲು ಬಿಟ್ಟುಕೊಟ್ಟ ಈ ತಂಡದ ಸುದ್ದಿ ಕ್ಯಾಂಟೀನಿನವರೆಗೂ ಹೋಗಿತ್ತು. ಆ ಕೀರ್ತಿಯ ದೊಡ್ಡ ಪಾಲು ಗೋಲ್‌ಕೀಪರ್ ನಿಶಾಂತನದು. ಉಪ್ಪಲ್ಲಿನ ತೆಲುಗು ಮನೆಯ, ಮಿತಮಾತಿನ ಹುಡುಗ, ಕೊನೆಯ ವರ್ಷ. ಮಾಸ್ತರರು ಹೊರಗಿನಿಂದ "ಎಡಮ!" ಎಂದರೆ ಎಡಕ್ಕೆ, "ಕುಡಿ!" ಎಂದರೆ ಬಲಕ್ಕೆ, ಹಿಂದುಮುಂದು ನೋಡದೆ ಹಾರುತ್ತಿದ್ದ. ಫೈನಲ್ ನೋಡಿ ವಿಶ್ವವಿದ್ಯಾಲಯದ ತಂಡಕ್ಕೆ ಗೋಲ್‌ಕೀಪರನನ್ನು ಆರಿಸಲು ಆಯ್ಕೆಗಾರರು ಬರುವವರಿದ್ದರು. ಆ ಪಟ್ಟಿಯಲ್ಲಿ ತನ್ನ ಹೆಸರು ಇರಬೇಕೆಂಬುದೊಂದೇ ನಿಶಾಂತನ ಆಸೆ. ಅದು ಮಾಸ್ತರರದೂ ಆಗಿತ್ತು.

ಫೈನಲ್ಲು ಮಾರ್ಚಿನ ಸುಡುಬಿಸಿಲಿನಲ್ಲಿ ನಡೆಯಿತು. ಇನ್ನೈದು ನಿಮಿಷವಿರುವಾಗ, ಎರಡೂ ಕಡೆ ಗೋಲಿಲ್ಲದ ಹೊತ್ತಿನಲ್ಲಿ, ಎದುರಾಳಿಗೆ ಪೆನಾಲ್ಟಿ ಸಿಕ್ಕಿತು. ರೆಫರಿ ಚೆಂಡು ಇಡಿಸುತ್ತಿದ್ದಾಗ ಮಾಸ್ತರರಿಗೆ ಕಂಡದ್ದು ನಿಶಾಂತನ ಒಣಗಿದ ತುಟಿ, ಕಂಬ ಹಿಡಿದು ತೂಗುತ್ತಿದ್ದ ಮೈ. ಕಂಬದ ಬುಡದಲ್ಲೇ ನೀರಿನ ಬಾಟಲಿ ಇತ್ತು. ಅರಿವಿಲ್ಲದೆ ಕನ್ನಡ ಬಾಯಿಗೆ ಬಂತು. "ಲೇ, ನೀರ ಕುಡಿ! ಕುಡಿ!" ಎಂದು ಕೂಗಿದರು. ಗದ್ದಲದಲ್ಲಿ ಮೊದಲೆರಡು ಮಾತು ಮುಳುಗಿ, ಕೊನೆಯ 'ಕುಡಿ' ಒಂದೇ ಗೋಲಿನ ತನಕ ತಲುಪಿತು. ಎದುರಾಳಿ ಓಡಿಬಂದಾಗ, ಒದೆಯುವ ಮೊದಲೇ ನಿಶಾಂತ ಬಲಕ್ಕೆ ಹಾರಿದ. ಚೆಂಡು ಆರಾಮವಾಗಿ ಎಡಕ್ಕೆ ಹೋಯಿತು. ಅವನು ಎದ್ದು, ಮಣ್ಣು ಮೆತ್ತಿದ ಬಲಗೈ ಎತ್ತಿದ. ಮಾಸ್ತರರು ವಾಡಿಕೆಯಂತೆ ತಲೆಯಾಡಿಸಿದರು.

ತಂಡ ಸೋತಿತು. ಮೈದಾನದ ನಡುವೆ ಹುಡುಗರು ನಿಶಾಂತನ ಸುತ್ತ ನಿಂತು ಬಾಯಿಗೆ ಬಂದಂತೆ ಅನ್ನುತ್ತಿದ್ದರು. ಆಯ್ಕೆಗಾರರಲ್ಲೊಬ್ಬರು, ಹುಡುಗ ಬೇಗ ಗಾಬರಿಬೀಳುತ್ತಾನೆ ಎಂದು ತಮ್ಮ ಕಾಗದದಲ್ಲಿ ಏನೋ ಹೊಡೆದುಹಾಕಿದರು. ಅವನು ಬೆಂಚಿನ ಬಳಿ ಬಂದಾಗ, ಯಾಕೆ ಹಾಗೆ ಹಾರಿದೆ ಎಂದು ಮಾಸ್ತರರು ತಗ್ಗಿದ ದನಿಯಲ್ಲಿ ಕೇಳಿದರು.

"ಮೀರೇ ಕದಾ ಸಾರ್," ಎಂದ ನಿಶಾಂತ, ನೀವೇ ಹೇಳಿದಿರಲ್ಲ ಎಂಬ ಮುಗ್ಧ ಅಚ್ಚರಿಯಲ್ಲಿ, "ಕುಡಿ ಅನ್ನಾರು."

ಮಾಸ್ತರರು ಗೋಲಿನ ಕಡೆ ನೋಡಿದರು. ಬಾಟಲಿ ಮುಚ್ಚಳ ಬಿಚ್ಚದೆ ಅಲ್ಲೇ ಇತ್ತು. ತೆಲುಗರಿಗೇ ತೆಲುಗಿನಲ್ಲಿ ಆಟ ಕಲಿಸಿದವನೆಂಬ ಹೆಮ್ಮೆ, ಊರೆಲ್ಲ ನಗುತ್ತದೆಂಬ ಭಯ ಎರಡೂ ಅವರನ್ನು ಒಂದು ಗಳಿಗೆ ಕಟ್ಟಿಹಾಕಿದವು. ಆಮೇಲೆ ಅವರು ಕಾಲೆತ್ತಿ ಗೆರೆ ದಾಟಿ, ಹುಡುಗರೆಲ್ಲ ನೋಡುವಂತೆ, ಕೋಟಿನ ತೋಳಿನೊಳಗಿನ ಬಲಗೈ ಎತ್ತಿ ನಿಂತರು. ಇಪ್ಪತ್ತೆಂಟು ವರ್ಷಗಳಲ್ಲಿ ಮೊದಲ ಸಲ. ಏನಿದು ಎಂದು ಹತ್ತಿರ ಬಂದ ಆಯ್ಕೆಗಾರರಿಗೆ, "ಗಲತಿ ಮೇರಿ ಹೈ ಸಾಬ್. ಪಾನಿ ಪೀ ಬೋಲಾ ಮೈ, ಹಮಾರಿ ಕನ್ನಡ ಮೇ," ಎಂದರು; ತಪ್ಪು ನನ್ನದು, ನೀರು ಕುಡಿ ಎಂದು ನಮ್ಮ ಕನ್ನಡದಲ್ಲಿ ಹೇಳಿದ್ದೆ ಎಂದು. ಆಯ್ಕೆಗಾರರು ನಕ್ಕರು. ಮಾಸ್ತರರು ಮಾತ್ರ, ಕಾಗದದಲ್ಲಿ ಹೊಡೆದುಹಾಕಿದ್ದನ್ನು ಮತ್ತೆ ಬರೆಯುವವರೆಗೂ, ಕೈ ಇಳಿಸಲಿಲ್ಲ. ಪಟ್ಟಿ ಹೊರಬಿದ್ದಾಗ ನಿಶಾಂತನ ಹೆಸರು ಎರಡನೆಯ ಗೋಲ್‌ಕೀಪರನ ಜಾಗದಲ್ಲಿತ್ತು.

ಫೈನಲ್ಲಿನ ಸಂಜೆ ಮನೆಯಲ್ಲಿ ಹೆಂಡತಿ ಗದಿಗೆಮ್ಮ ಸಮಾಧಾನ ಹೇಳಲು ನೋಡಿದ್ದರು. "ನೀರ ಕುಡಿ ಅಂದ್ರಿ, ಅದರಾಗ ತಪ್ಪೇನೈತ್ರಿ?"

"ಐತಿ," ಎಂದಿದ್ದರು ಮಾಸ್ತರರು, ಕೋಟು ಬಿಚ್ಚುತ್ತ. "ನನ್ನ ಸಂಕಟಕ್ಕ ನನ್ನ ಭಾಷಾ ಬಂತು. ಅವಂಗ ಬೇಕಾಗಿದ್ದು ಅವನ ಭಾಷಾ."

ಗೆರೆ ಎಳೆದು ಹೊರಗೆ ನಿಲ್ಲುವ ಗುರುಗಳಿಗೆ ಲೋಕದಲ್ಲಿ ಬರವಿಲ್ಲ. ಅವರ ನಿಯಮಗಳು ಒಳ್ಳೆಯವೇ, ಅವರ ಅಕ್ಕರೆಯೂ ನಿಜವೇ. ಆದರೆ ಅಕ್ಕರೆಯಿಂದ ಆಡಿದ ಮಾತೂ ಇನ್ನೊಬ್ಬನನ್ನು ದಿಕ್ಕುತಪ್ಪಿಸಬಹುದೆಂದು ಅವರಿಗೆ ಹೊಳೆಯುವುದು ಅಪರೂಪ. ವಿದ್ಯೆಯೊಂದರಲ್ಲಿ ಪಳಗಿದವರನ್ನು ನಾವು ಎತ್ತಿದ ಕೈ ಎನ್ನುತ್ತೇವೆ. ತಪ್ಪು ಒಪ್ಪಿಕೊಳ್ಳುವ ವಿದ್ಯೆಯನ್ನು ಇಪ್ಪತ್ತೆಂಟು ವರ್ಷ ಕಲಿಸಿದ ಮೇಲೆ ಸಂಗಣ್ಣ ಮಾಸ್ತರರು ಅದನ್ನು ತಾವು ಕಲಿತರು. ಕಲಿಸಿಯಷ್ಟೇ ನಿವೃತ್ತರಾಗುವವರೇ ಹೆಚ್ಚು.